ಬರಿಗಾಲಿನ ಫುಟ್‌ಬಾಲ್ ಮತ್ತು ಅಹಮದ್ ಖಾನ್

ಕೂಡ್ಲಿಗಿ, ಕೊಟ್ಟೂರು, ಹರಪನಹಳ್ಳಿಗಳ ಸೀಮೆಯಲ್ಲಿ ಸುಗ್ಗಿ ಮುಗಿದ ಮೇಲೆ ಸಂಜೆಯ ಹೊತ್ತು ಯಾವ ಊರ ಹೊರಬಯಲಿಗೆ ಹೋದರೂ ಚೆಂಡಿನ ಹಿಂದೆ ಓಡುವ ಹುಡುಗರ ಗುಂಪೊಂದು ಕಣ್ಣಿಗೆ ಬೀಳುವುದುಂಟು. ಅವರಲ್ಲಿ ಕೆಲವರ ಕಾಲಿಗೆ ಪಾದರಕ್ಷೆ ಇರುವುದಿಲ್ಲ. ಕೂಳೆ ಚುಚ್ಚುವ ನೆಲ, ಮೊರಡು ಕಲ್ಲು ಯಾವುದನ್ನೂ ಲೆಕ್ಕಿಸದೆ ಅವರು ಆಡುತ್ತಾರೆ. ನೋಡುವವರಿಗೆ ಅದು ಮಕ್ಕಳ ಕಾಲಹರಣವೆಂದು ತೋರಬಹುದು. ಆದರೆ ಹೀಗೆಯೇ ಬರಿಗಾಲಿನಲ್ಲಿ ಆಡಲು ಕಲಿತು, ಬರಿಗಾಲಿನಲ್ಲಿಯೇ ಒಲಿಂಪಿಕ್ ಕ್ರೀಡಾಕೂಟದಲ್ಲಿ ದೇಶವನ್ನು ಪ್ರತಿನಿಧಿಸಿದ ಆಟಗಾರರು ಕನ್ನಡನಾಡಿನಲ್ಲಿ ಆಗಿಹೋಗಿದ್ದಾರೆಂಬುದು ಇಂದಿನ ವಿದ್ಯಾರ್ಥಿಗಳಲ್ಲಿ ಬಹುಮಂದಿಗೆ ತಿಳಿಯದು. ಅವರಲ್ಲಿ ಅಗ್ರಗಣ್ಯರು ಬೆಂಗಳೂರಿನ ಅಹಮದ್ ಖಾನರು.

ಅವರ ಜೀವನವನ್ನು ಅರಿಯುವುದೆಂದರೆ ಒಬ್ಬ ಆಟಗಾರನ ಗೆಲುವುಗಳ ಪಟ್ಟಿಯನ್ನು ಓದುವುದಷ್ಟೇ ಅಲ್ಲ. ಸಲಕರಣೆಗಳಿಲ್ಲದ ಒಂದು ನಾಡು ತನ್ನ ತರುಣರ ಪಾದಗಳಲ್ಲಿಯೇ ಎಂತಹ ಕಲೆಯನ್ನು ಬೆಳೆಸಿತು, ಆ ಕಲೆಗೆ ಮಿತಿ ಎಲ್ಲಿ ಎದುರಾಯಿತು, ಆ ಮಿತಿಗೆ ಹೊಣೆ ಯಾರದು ಎಂಬ ಪ್ರಶ್ನೆಗಳೂ ಅದರೊಡನೆ ಬರುತ್ತವೆ.

ದಂಡುಪ್ರದೇಶದಲ್ಲಿ ಮೊಳೆತ ಆಟ

ಫುಟ್‌ಬಾಲ್ ಆಟವು ಬೆಂಗಳೂರಿಗೆ ಬಂದುದು ಬ್ರಿಟಿಷ್ ಸೈನ್ಯದೊಡನೆ. 19ನೆಯ ಶತಮಾನದ ಮೊದಲ ದಶಕದಲ್ಲಿ ನೆಲೆಗೊಂಡ ದಂಡುಪ್ರದೇಶದಲ್ಲಿ ಕಾಲಕ್ರಮೇಣ ಪಲ್ಟನ್ನುಗಳ ಕವಾಯತಿನ ಬಯಲುಗಳೇ ಆಟದ ಮೈದಾನಗಳಾದವು. ಸೋಲ್ಜರುಗಳು ಆಡುವುದನ್ನು ಬಯಲಂಚಿನಲ್ಲಿ ನಿಂತು ನೋಡಿದ ಸುತ್ತಲಿನ ಬಡಾವಣೆಗಳ ಹುಡುಗರು ಆಟವನ್ನು ತಮ್ಮದನ್ನಾಗಿ ಮಾಡಿಕೊಂಡರು. ಹಲಸೂರು, ಆಸ್ಟಿನ್ ಟೌನ್, ಮರ್ಫಿ ಟೌನ್, ಗೌತಮಪುರ ಮೊದಲಾದ ಕಡೆ ಶ್ರಮಜೀವಿಗಳ ಕೇರಿಗಳಲ್ಲಿ ಫುಟ್‌ಬಾಲ್ ಬೇರೂರಿದುದು ಹೀಗೆ. ಇಂದಿಗೂ ಆ ಬಡಾವಣೆಗಳು ಆಟಗಾರರ ತವರೆಂದೇ ಖ್ಯಾತವಾಗಿವೆ.

ಎರಡು ಮಹಾಯುದ್ಧಗಳ ನಡುವಣ ಅವಧಿಯು ಬೆಂಗಳೂರಿನ ಫುಟ್‌ಬಾಲಿಗೆ ಉತ್ಕರ್ಷದ ಕಾಲ. ಮುಂಬಯಿಯ ರೋವರ್ಸ್ ಕಪ್ ಪಂದ್ಯಾವಳಿಯು 19ನೆಯ ಶತಮಾನದ ಕೊನೆಯ ದಶಕದಲ್ಲಿ ಪ್ರಾರಂಭವಾದಂದಿನಿಂದ ಅದನ್ನು ಗೆಲ್ಲುತ್ತಿದ್ದವರು ಬ್ರಿಟಿಷ್ ಪಲ್ಟನ್ನುಗಳವರೇ. 1937ರಲ್ಲಿ ಬೆಂಗಳೂರು ಮುಸ್ಲಿಮ್ಸ್ ಎಂಬ ತಂಡವು ಆ ಪಾರಿತೋಷಕವನ್ನು ಗೆದ್ದು, ಅದನ್ನು ಪಡೆದ ಪ್ರಥಮ ಭಾರತೀಯ ತಂಡವೆನಿಸಿತು. ಮರುವರ್ಷವೂ ಅದೇ ತಂಡ ಗೆದ್ದಿತು. ಮೈಸೂರು ತಂಡವು 1946-47ರಲ್ಲಿ ರಾಷ್ಟ್ರೀಯ ಚಾಂಪಿಯನ್‌ಷಿಪ್ ಆದ ಸಂತೋಷ್ ಟ್ರೋಫಿಯನ್ನು ಗಳಿಸಿ, ಬಂಗಾಳದ ಪ್ರಾಬಲ್ಯಕ್ಕೆ ತಡೆಯೊಡ್ಡಿತು.

ಈ ವಾತಾವರಣದಲ್ಲಿ ಬೆಳೆದವರು ಅಹಮದ್ ಖಾನ್. ಅವರು ಜನಿಸಿದುದು 1926ನೆಯ ಇಸವಿ ಡಿಸೆಂಬರ್ 24ರಂದು, ಬೆಂಗಳೂರಿನಲ್ಲಿ. ಮನೆತನವೇ ಆಟಗಾರರದು, ಸೋದರರೂ ಫುಟ್‌ಬಾಲ್ ಆಡುತ್ತಿದ್ದರು. ರೋವರ್ಸ್ ಕಪ್ ಊರಿಗೆ ಬಂದಾಗ ಅವರು ಹತ್ತು ಹನ್ನೊಂದು ವರ್ಷದ ಬಾಲಕ.

ಬರಿಗಾಲಿನ ಕುಶಲತೆ

ಅಂದಿನ ಭಾರತದಲ್ಲಿ ಬರಿಗಾಲಿನ ಆಟವು ಅಪವಾದವಾಗಿರಲಿಲ್ಲ, ವಾಡಿಕೆಯಾಗಿತ್ತು. 1911ರಲ್ಲಿ ಕಲ್ಕತ್ತೆಯ ಮೋಹನ್ ಬಗಾನ್ ತಂಡವು ಈಸ್ಟ್ ಯಾರ್ಕ್‌ಷೈರ್ ರೆಜಿಮೆಂಟನ್ನು 2-1ರಿಂದ ಸೋಲಿಸಿ ಐ.ಎಫ್.ಎ. ಷೀಲ್ಡನ್ನು ಗೆದ್ದಾಗ ಹನ್ನೊಂದು ಮಂದಿಯಲ್ಲಿ ಬೂಟು ಧರಿಸಿದ್ದವರು ಒಬ್ಬರೇ. ಬೂಟು ಕಟ್ಟಿದ ಸೈನಿಕರನ್ನು ಬರಿಗಾಲಿನವರು ಮಣಿಸಿದ ಆ ವಾರ್ತೆ ದೇಶಾಭಿಮಾನಿಗಳಿಗೆ ರೋಮಾಂಚವನ್ನುಂಟುಮಾಡಿತ್ತು. ಅಂದಿನಿಂದ ಬರಿಗಾಲು ಕೇವಲ ಬಡತನದ ಗುರುತಾಗಿ ಉಳಿಯದೆ ಅಭಿಮಾನದ ಗುರುತೂ ಆಯಿತು.

ಬರಿಗಾಲಿನ ಆಟಕ್ಕೆ ಅದರದೇ ಆದ ಅನುಕೂಲಗಳುಂಟು. ಪಾದದ ಚರ್ಮಕ್ಕೂ ಚೆಂಡಿಗೂ ನಡುವೆ ಬೇರೇನೂ ಇಲ್ಲದಿರುವಾಗ ಚೆಂಡಿನ ತೂಕ, ತಿರುಗು, ವೇಗ ಎಲ್ಲವೂ ಆಟಗಾರನಿಗೆ ಸ್ಪರ್ಶದಿಂದಲೇ ಗೊತ್ತಾಗುತ್ತವೆ. ಬೆರಳುಗಳಿಂದ ಚೆಂಡನ್ನು ಮೆಲ್ಲನೆ ಎಳೆದುಕೊಳ್ಳಬಹುದು, ಅಂಗಾಲಿನಿಂದ ಉರುಳಿಸಬಹುದು, ಕ್ಷಣಮಾತ್ರದಲ್ಲಿ ದಿಕ್ಕು ಬದಲಿಸಬಹುದು. ಕಣಕಾಲನ್ನು ಮುಚ್ಚುವ ಆ ಕಾಲದ ದಪ್ಪ ಚರ್ಮದ ಬೂಟು ಧರಿಸಿದವನಿಗೆ ಈ ಸೂಕ್ಷ್ಮತೆ ಸುಲಭವಾಗಿರಲಿಲ್ಲ. ಒಣನೆಲದ ಮೇಲೆ, ಎಳೆಬಿಸಿಲಿನಲ್ಲಿ, ಬರಿಗಾಲಿನವನು ಬೂಟಿನವನಿಗಿಂತ ಹಗುರವಾಗಿ ಚಲಿಸುತ್ತಿದ್ದನು.

ಆದರೆ ಮಳೆ ಬಂದರೆ ಲೆಕ್ಕ ತಲೆಕೆಳಗಾಗುತ್ತಿತ್ತು. ಅಂದಿನ ಚೆಂಡು ತೊಗಲಿನದು, ಒಳಗೆ ರಬ್ಬರಿನ ಬ್ಲ್ಯಾಡರ್, ಬಾಯಿಗೆ ದಾರದ ಹೊಲಿಗೆ. ಒದ್ದೆಯಾದರೆ ತೊಗಲು ನೀರು ಹೀರಿ ಚೆಂಡು ಭಾರವಾಗುತ್ತಿತ್ತು. ನೆಲ ಜಾರುವಾಗ ಬರಿಯ ಪಾದಕ್ಕೆ ಹಿಡಿತ ಸಿಗುತ್ತಿರಲಿಲ್ಲ. ಬೂಟಿನ ತಳದ ಗುಬುಟುಗಳು ನೆಲವನ್ನು ಕಚ್ಚಿ ಹಿಡಿಯುತ್ತಿದ್ದವು. ಎದುರಾಳಿಯ ಬೂಟಿನ ತುಳಿತಕ್ಕೆ ಸಿಕ್ಕಿದ ಪಾದದ ಗತಿಯನ್ನಂತೂ ಹೇಳಬೇಕಾಗಿಲ್ಲ. 1934ರಿಂದ ಐದು ವರ್ಷ ಸತತವಾಗಿ ಕಲ್ಕತ್ತಾ ಲೀಗನ್ನು ಗೆದ್ದ ಮಹಮಡನ್ ಸ್ಪೋರ್ಟಿಂಗ್ ತಂಡವು ಒದ್ದೆ ಮೈದಾನದಲ್ಲಿ ಹಗುರವಾದ ಬೂಟುಗಳನ್ನು ಬಳಸಿ ಇತರ ಭಾರತೀಯ ತಂಡಗಳಿಗೆ ದಾರಿ ತೋರಿತ್ತು. ಆದರೂ ವಾಡಿಕೆ ಬದಲಾಗಲು ಇನ್ನೂ ಬಹುಕಾಲ ಹಿಡಿಯಿತು.

ಇಲ್ಫರ್ಡಿನ ಪಂದ್ಯ

ಸ್ವಾತಂತ್ರ್ಯ ಲಭಿಸಿ ಒಂದು ವರ್ಷ ತುಂಬುವ ಮೊದಲೇ, 1948ರಲ್ಲಿ, ಲಂಡನ್ ಒಲಿಂಪಿಕ್ ಕೂಟಕ್ಕೆ ಭಾರತದ ಫುಟ್‌ಬಾಲ್ ತಂಡ ಪ್ರಯಾಣ ಮಾಡಿತು. ನಾಗಾ ನಾಡಿನವರೂ ಕಲ್ಕತ್ತೆಯಲ್ಲಿ ವೈದ್ಯವಿದ್ಯೆ ಓದುತ್ತಿದ್ದವರೂ ಆದ ಟಿ. ಆವೋ ನಾಯಕರು. ಮೈಸೂರು ಸೀಮೆಯ ಪಾಲು ಆ ತಂಡದಲ್ಲಿ ಗಣನೀಯವಾಗಿತ್ತು. ಗೋಲ್‌ಕೀಪರ್ ಕೆ. ವಿ. ವರದರಾಜ್, ಬಷೀರ್, ಸಾರಂಗಪಾಣಿ ರಾಮನ್, ವಜ್ರವೇಲು ಮತ್ತು 21ರ ತರುಣ ಅಹಮದ್ ಖಾನ್ ಇವರೆಲ್ಲ ಅಲ್ಲಿದ್ದರು.

ಆ ಕಾಲದ ತಂಡರಚನೆಯನ್ನು ಇಲ್ಲಿ ಸಂಕ್ಷೇಪವಾಗಿ ತಿಳಿಸುವುದು ಉಚಿತ. ಗೋಲಿನ ಬಳಿ ಒಬ್ಬ, ಅವನ ಮುಂದೆ ಇಬ್ಬರು ಬ್ಯಾಕುಗಳು, ನಡುವೆ ಮೂವರು ಹಾಫ್‌ಬ್ಯಾಕುಗಳು, ಮುಂದುಗಡೆ ಸಾಲಾಗಿ ಐವರು ಫಾರ್ವರ್ಡುಗಳು. ಆ ಐವರಲ್ಲಿ ನಟ್ಟನಡುವಿನವನಿಗೂ ಎಡ ಅಂಚಿನವನಿಗೂ ಮಧ್ಯೆ ಆಡುವವನು ಇನ್‌ಸೈಡ್ ಲೆಫ್ಟ್. ಹಿಂದಿನಿಂದ ಬಂದ ಚೆಂಡನ್ನು ಪಡೆದು, ಎದುರಾಳಿಗಳ ನಡುವೆ ದಾರಿಮಾಡಿ, ಗೋಲು ಹೊಡೆಯಬಲ್ಲವನ ಕಾಲಿಗೆ ಅದನ್ನು ಮುಟ್ಟಿಸುವುದು ಅವನ ಕರ್ತವ್ಯ. ಅಹಮದ್ ಖಾನರ ಸ್ಥಾನ ಅದು. ಚೆಂಡನ್ನು ಪಾದದಿಂದ ಬಿಡಿಸಿಕೊಳ್ಳಲಾಗದಂತೆ ಕೊಂಡೊಯ್ಯುವ ಅವರ ಚಾತುರ್ಯವನ್ನು ಕಂಡವರು ಅವರನ್ನು ಹಾವಾಡಿಗನೆಂದು ಕರೆದರು. ಹಾವು ಪುಂಗಿಯನ್ನು ಅನುಸರಿಸುವಂತೆ ಚೆಂಡು ಅವರ ಕಾಲನ್ನು ಅನುಸರಿಸುತ್ತಿತ್ತು.

ಜುಲೈ 31ರಂದು ಲಂಡನ್ನಿನ ಹೊರವಲಯದ ಇಲ್ಫರ್ಡಿನ ಕ್ರಿಕಲ್‌ಫೀಲ್ಡ್ ಮೈದಾನದಲ್ಲಿ ಭಾರತವು ಫ್ರಾನ್ಸನ್ನು ಎದುರಿಸಿತು. ಸ್ವತಂತ್ರ ಭಾರತದ ಫುಟ್‌ಬಾಲ್ ತಂಡಕ್ಕೆ ಅದು ಮೊದಲ ಒಲಿಂಪಿಕ್ ಪಂದ್ಯ. ಭಾರತೀಯರಲ್ಲಿ ಹೆಚ್ಚಿನವರು ಬರಿಗಾಲಿನಲ್ಲಿದ್ದುದನ್ನು ನೋಡಿ ಪ್ರೇಕ್ಷಕರು ಬೆರಗಾದರು. ಬೂಟು ಏಕಿಲ್ಲವೆಂದು ಕೇಳಿದವರಿಗೆ ನಾಯಕ ಆವೋ, ನಾವು ಆಡುವುದು ಫುಟ್‌ಬಾಲ್, ನೀವು ಆಡುವುದು ಬೂಟ್‌ಬಾಲ್ ಎಂಬರ್ಥದ ಚಟಾಕಿ ಹಾರಿಸಿದರೆಂಬುದು ಪ್ರಸಿದ್ಧವಾಗಿದೆ.

ಪೂರ್ವಾರ್ಧದಲ್ಲಿ ಫ್ರಾನ್ಸ್ ಒಂದು ಗೋಲು ಗಳಿಸಿತು. ಭಾರತೀಯರು ಧೃತಿಗೆಡಲಿಲ್ಲ. ಅವರಿಗೆ ಎರಡು ಪೆನಾಲ್ಟಿಗಳು ದೊರೆತವು. ದುರ್ದೈವದಿಂದ ಎರಡೂ ವ್ಯರ್ಥವಾದವು. 70ನೆಯ ನಿಮಿಷದಲ್ಲಿ ಬೆಂಗಳೂರಿನ ರಾಮನ್ ಗೋಲು ಹೊಡೆದು ಸಮಮಾಡಿದರು. ಒಲಿಂಪಿಕ್ ಕೂಟದಲ್ಲಿ ಭಾರತದ ಪ್ರಪ್ರಥಮ ಗೋಲು ಅದು. ಇನ್ನೇನು ಪಂದ್ಯದ ಅವಧಿ ಮುಗಿಯಲಿದೆ ಎನ್ನುವಾಗ ಫ್ರೆಂಚರು ಮತ್ತೊಂದು ಗೋಲು ಗಳಿಸಿ 2-1ರಿಂದ ಗೆದ್ದರು.

ಗೋಲ್‌ಕೀಪರನ ಪಾಡು ಎಂತಹುದೆಂಬುದಕ್ಕೆ ಈ ಪಂದ್ಯವೇ ಸಾಕ್ಷಿ. ಫಾರ್ವರ್ಡ್ ಆಟಗಾರನು ಹತ್ತು ಸಲ ತಪ್ಪಿ ಒಮ್ಮೆ ಗೋಲು ಹೊಡೆದರೆ ಆ ಒಂದನ್ನೇ ಜನ ನೆನೆಯುತ್ತಾರೆ. ಗೋಲು ಕಾಯುವವನು ಹತ್ತು ಸಲ ತಡೆದು ಒಮ್ಮೆ ಬಿಟ್ಟರೆ ಆ ಒಂದೇ ಲೆಕ್ಕಕ್ಕೆ ಬರುತ್ತದೆ. ಸುಮಾರು ತೊಂಬತ್ತು ನಿಮಿಷ ಫ್ರಾನ್ಸಿಗೆ ಸರಿಸಮವಾಗಿ ನಿಂತ ತಂಡದ ಬೆನ್ನಿಗಿದ್ದವರು ವರದರಾಜ್. ರಾಮನ್ನರ ಗೋಲನ್ನು ಸ್ಮರಿಸುವವರು ಅವರನ್ನೂ ಸ್ಮರಿಸುವುದು ನ್ಯಾಯ.

ಸೋತರೂ ಆ ತಂಡಕ್ಕೆ ಇಂಗ್ಲಿಷ್ ಪ್ರೇಕ್ಷಕರ ಮೆಚ್ಚುಗೆ ಹೇರಳವಾಗಿ ದೊರೆಯಿತು. ಆದರೆ ಮೆಚ್ಚುಗೆಯಲ್ಲಿ ಒಂದು ಅಪಾಯವೂ ಅಡಗಿತ್ತು. ಬರಿಗಾಲಿನಲ್ಲಿಯೇ ಇಷ್ಟು ಸಾಧಿಸಿದ ಮೇಲೆ ಬದಲಾವಣೆ ಏಕೆ ಎಂಬ ಭಾವನೆಗೆ ಅದು ಎಡೆಗೊಟ್ಟಿತು.

ಕಲ್ಕತ್ತೆಯ ಪಂಚಪಾಂಡವರು

1949ರಲ್ಲಿ ಅಹಮದ್ ಖಾನರು ಕಲ್ಕತ್ತೆಯ ಈಸ್ಟ್ ಬೆಂಗಾಲ್ ಕ್ಲಬ್ಬನ್ನು ಸೇರಿದರು. ದೇಶವಿಭಜನೆಯಿಂದ ನೆಲೆ ಕಳೆದುಕೊಂಡು ಪೂರ್ವ ಬಂಗಾಳದಿಂದ ಬಂದ ಲಕ್ಷಾಂತರ ನಿರಾಶ್ರಿತರಿಗೆ ಆ ಕ್ಲಬ್ಬು ಅಭಿಮಾನದ ಆಸರೆಯಾಗಿದ್ದ ಕಾಲವದು. ಅದರ ಮುಂಚೂಣಿಯ ಐವರೂ ದಕ್ಷಿಣ ಭಾರತದವರೇ ಆಗಿದ್ದುದು ಗಮನಾರ್ಹ. ವೆಂಕಟೇಶ್, ಅಪ್ಪಾರಾವ್, ಧನರಾಜ್, ಅಹಮದ್ ಖಾನ್, ಸಾಲೆ ಎಂಬ ಈ ಐವರನ್ನು ಬಂಗಾಳದ ಜನ ಪಂಚಪಾಂಡವರೆಂದು ಕರೆದರು. ಅವರಲ್ಲಿ ಧನರಾಜರೂ ವೆಂಕಟೇಶರೂ ಅಹಮದರಂತೆ ಬೆಂಗಳೂರಿನಿಂದ ಹೋದವರು. ಭಾಷೆ ಬೇರೆ, ಮತ ಬೇರೆ, ಊರು ಬೇರೆಯಾದ ಐವರನ್ನು ಸೋದರರ ಹೆಸರಿನಿಂದ ಆ ಜನ ತಮ್ಮವರನ್ನಾಗಿ ಮಾಡಿಕೊಂಡರು.

ಮುಂದಿನ ವರ್ಷಗಳಲ್ಲಿ ಆ ತಂಡಕ್ಕೆ ಸಾಟಿ ಇರಲಿಲ್ಲ. 1949, 1950, 1951ರಲ್ಲಿ ಸತತವಾಗಿ ಮೂರು ಬಾರಿ ಐ.ಎಫ್.ಎ. ಷೀಲ್ಡ್, 1949, 1950, 1952ರಲ್ಲಿ ಕಲ್ಕತ್ತಾ ಲೀಗ್, 1949ರಲ್ಲಿ ರೋವರ್ಸ್ ಕಪ್, 1951 ಮತ್ತು 1952ರಲ್ಲಿ ಡ್ಯುರಾಂಡ್ ಕಪ್. ಚೆಂಡು ಒಬ್ಬರಿಂದೊಬ್ಬರಿಗೆ ನೆಲ ಬಿಟ್ಟೇಳದೆ ಹರಿಯುವುದೇ ಅವರ ಆಟದ ವೈಶಿಷ್ಟ್ಯ. ಸುಮಾರು ಒಂದು ದಶಕ ಕಾಲ ಅಹಮದರು ಅದೇ ಕ್ಲಬ್ಬಿನ ನಿಷ್ಠಾವಂತ ಆಟಗಾರರಾಗಿದ್ದರು.

1951ರ ಮಾರ್ಚಿಯಲ್ಲಿ ನವದೆಹಲಿಯಲ್ಲಿ ಪ್ರಥಮ ಏಷ್ಯನ್ ಕ್ರೀಡಾಕೂಟ ಜರುಗಿತು. ಹೈದರಾಬಾದಿನ ಸೈಯದ್ ಅಬ್ದುಲ್ ರಹೀಮರು ಶಿಕ್ಷಕರು, ಶೈಲೇನ್ ಮನ್ನಾ ನಾಯಕರು. ಅಂತಿಮ ಪಂದ್ಯದಲ್ಲಿ ಮೇವಾಲಾಲರ ಏಕಮಾತ್ರ ಗೋಲಿನಿಂದ ಇರಾನನ್ನು ಸೋಲಿಸಿ ಭಾರತ ಸ್ವರ್ಣಪದಕ ಪಡೆಯಿತು. ಆ ವಿಜಯದ ಭಾಗಿಗಳಲ್ಲಿ ಅಹಮದ್ ಖಾನರೂ ಒಬ್ಬರು.

ಒಂದು ಪ್ರಚಲಿತ ಕಥೆ

ಇದರ ಹಿಂದಿನ ವರ್ಷ, 1950ರಲ್ಲಿ, ಬ್ರೆಜಿಲಿನಲ್ಲಿ ನಡೆದ ವಿಶ್ವಕಪ್ಪಿಗೆ ಭಾರತಕ್ಕೆ ಅವಕಾಶ ಒದಗಿತ್ತು. ಎದುರಾಳಿ ರಾಷ್ಟ್ರಗಳು ಹಿಂದೆ ಸರಿದುದರಿಂದ ಅರ್ಹತೆ ತಾನಾಗಿ ಬಂದಿತ್ತು. ಆದರೆ ತಂಡ ಹೋಗಲಿಲ್ಲ. ಬರಿಗಾಲಿನಲ್ಲಿ ಆಡಲು ಅಪ್ಪಣೆ ಸಿಗದ ಕಾರಣ ಭಾರತ ಹಿಂಜರಿಯಿತೆಂಬ ಕಥೆ ಇಂದಿಗೂ ಬಾಯಿಂದ ಬಾಯಿಗೆ ಹರಡುತ್ತಿದೆ. ಇದು ಪೂರ್ಣಸತ್ಯವಲ್ಲ. ತಂಡದ ಆಯ್ಕೆಯಲ್ಲಿ ಭಿನ್ನಾಭಿಪ್ರಾಯ, ಅಭ್ಯಾಸಕ್ಕೆ ಸಮಯದ ಅಭಾವ ಎಂಬವು ಅಂದು ಆಡಳಿತದವರು ಮುಂದಿಟ್ಟ ಕಾರಣಗಳು. ಹಡಗಿನ ದೀರ್ಘ ಪ್ರಯಾಣವೂ ಎದುರಿಗಿತ್ತು. ಎಲ್ಲಕ್ಕಿಂತ ಮಿಗಿಲಾಗಿ, ಒಲಿಂಪಿಕ್ಸೇ ಶ್ರೇಷ್ಠ, ವಿಶ್ವಕಪ್ ಅಷ್ಟು ಮುಖ್ಯವಲ್ಲವೆಂಬ ತಿಳುವಳಿಕೆ ಆಗ ಇಲ್ಲಿ ಬಲವಾಗಿತ್ತು. ಬರಿಗಾಲಿನ ಕಾರಣವನ್ನು ನಾಯಕ ಮನ್ನಾ ಅವರೇ ಮುಂದೆ ಅಲ್ಲಗಳೆದರು. ಆಟಗಾರರ ಪಾದಗಳ ಮೇಲೆ ಹೊರಿಸಿದ ಈ ಹೊರೆ ವಾಸ್ತವವಾಗಿ ಅವರದಾಗಿರಲಿಲ್ಲ. ಭಾರತದ ಪುರುಷರ ತಂಡ ಇಂದಿನವರೆಗೂ ವಿಶ್ವಕಪ್ಪಿನ ಅಂತಿಮ ಸುತ್ತಿನಲ್ಲಿ ಆಡಿಲ್ಲವೆಂಬುದನ್ನು ನೆನೆದರೆ ಕಳೆದುಹೋದುದರ ಬೆಲೆ ಅರಿವಾಗುತ್ತದೆ.

ಹೆಲ್ಸಿಂಕಿಯ ಪಾಠ

1952ರ ಜುಲೈ 15ರಂದು ಫಿನ್ಲೆಂಡಿನ ರಾಜಧಾನಿ ಹೆಲ್ಸಿಂಕಿಯಲ್ಲಿ ಭಾರತವು ಯುಗೋಸ್ಲಾವಿಯಾವನ್ನು ಎದುರಿಸಿತು. ಎದುರಾಳಿಗಳು ಆ ಕಾಲದ ಯೂರೋಪಿನ ಪ್ರಬಲರು. ಅದೇ ಕೂಟದಲ್ಲಿ ರಜತಪದಕ ಪಡೆದವರು. ಭಾರತೀಯರಲ್ಲಿ ಅನೇಕರು ಎಂದಿನಂತೆ ಬರಿಗಾಲಿನವರು. ಆ ತಣ್ಣನೆಯ ನೆಲ, ಆ ಹವೆ ಅವರಿಗೆ ಹೊಸದು. ಸ್ವದೇಶದಲ್ಲಿ ಪಂದ್ಯಗಳನ್ನು 70 ನಿಮಿಷ ಆಡಿ ರೂಢಿಯಿದ್ದವರಿಗೆ ಅಲ್ಲಿ 90 ನಿಮಿಷ ದಮ್ಮು ಹಿಡಿಯಬೇಕಾಗಿತ್ತು. ಪರಿಣಾಮ 10-1ರ ಸೋಲು.

ಆ ಒಂದು ಗೋಲನ್ನು ಹೊಡೆದವರು ಅಹಮದ್ ಖಾನ್. ಅದು ಬಂದುದು ಪಂದ್ಯದ ಕಟ್ಟಕಡೆಯ ನಿಮಿಷಗಳಲ್ಲಿ. ಹತ್ತು ಗೋಲುಗಳ ಸೋಲು ಖಚಿತವಾದ ಮೇಲೆ, ಕಾಲು ಸೋತು ಮನಸ್ಸು ಕುಗ್ಗುವ ಹೊತ್ತಿನಲ್ಲಿ, ಇನ್ನೂ ಗೋಲಿನತ್ತ ಓಡುವುದಕ್ಕೆ ಎಂತಹ ಮನೋಧರ್ಮ ಬೇಕೆಂಬುದನ್ನು ಆಟವಾಡಿದವರೆಲ್ಲ ಬಲ್ಲರು. ಲೆಕ್ಕಪತ್ರದಲ್ಲಿ ಆ ಗೋಲಿಗೆ ಫಲವಿಲ್ಲ. ಆದರೆ ಆಟ ಮುಗಿಯುವವರೆಗೆ ಆಡುವುದೆಂದರೇನೆಂಬುದಕ್ಕೆ ಅದಕ್ಕಿಂತ ಸ್ಪಷ್ಟವಾದ ನಿದರ್ಶನ ದುರ್ಲಭ.

ಈ ಪರಾಭವದ ಅನಂತರ ಅಖಿಲ ಭಾರತ ಫುಟ್‌ಬಾಲ್ ಸಂಸ್ಥೆಯು ಬೂಟು ಧರಿಸುವುದನ್ನು ಕಡ್ಡಾಯಗೊಳಿಸಿತು. ಬಾಲ್ಯದಿಂದ ಬರಿಗಾಲಿನಲ್ಲಿ ಪಳಗಿದವರಿಗೆ ಅದು ಸುಲಭದ ಬದಲಾವಣೆಯಲ್ಲ. ನುರಿತ ವೀಣಾವಾದಕನ ಬೆರಳಿಗೆ ಕೈಚೀಲ ತೊಡಿಸಿದಂತೆ ಪ್ರಾರಂಭದಲ್ಲಿ ತೋರಿದ್ದೀತು. ಆದರೆ ಫಲ ತಡವಾಗಲಿಲ್ಲ. ನಾಲ್ಕೇ ವರ್ಷಗಳಲ್ಲಿ, 1956ರ ಮೆಲ್ಬೋರ್ನ್ ಒಲಿಂಪಿಕ್ಸಿನಲ್ಲಿ, ಭಾರತವು ಆಸ್ಟ್ರೇಲಿಯಾವನ್ನು 4-2ರಿಂದ ಸೋಲಿಸಿ ನಾಲ್ಕನೆಯ ಸ್ಥಾನಕ್ಕೇರಿತು. ಬೆಂಗಳೂರಿನ ಕೆಂಪಯ್ಯನವರು ಆ ತಂಡದಲ್ಲಿದ್ದರು. ಪಾದಗಳು ಅದೇ ನಾಡಿನವು, ಕುಶಲತೆಯೂ ಅದೇ. ಅವುಗಳಿಗೆ ತಕ್ಕ ಸಾಧನವೂ ಶಿಕ್ಷಣವೂ ಒದಗಿದಾಗ ಏನಾಗಬಲ್ಲದೆಂಬುದು ಅಲ್ಲಿ ಸಿದ್ಧವಾಯಿತು.

ಆಟ ಮುಗಿದ ಮೇಲೆ

ಆಟಗಾರನ ವೃತ್ತಿಜೀವನ ಅಲ್ಪಾಯುಷಿ. ಮೂವತ್ತು ಮೂವತ್ತೈದರ ವಯಸ್ಸಿಗೆ ಅದು ಮುಗಿಯುತ್ತದೆ, ಬಾಳು ಉಳಿದಿರುತ್ತದೆ. ಆ ತಂಡದವರು ತಮ್ಮ ಉಳಿದ ಬಾಳನ್ನು ಬೇರೆ ಬೇರೆ ಬಗೆಯಲ್ಲಿ ಸವೆಸಿದರು. ನಾಯಕ ಆವೋ ವೈದ್ಯರಾಗಿ ಸ್ವಂತ ನಾಡಿಗೆ ಹಿಂದಿರುಗಿ, ನಾಗಾಲೆಂಡಿನ ಆರೋಗ್ಯ ಇಲಾಖೆಯ ನಿರ್ದೇಶಕರ ಪದವಿಯವರೆಗೆ ಸೇವೆ ಸಲ್ಲಿಸಿ 1998ರಲ್ಲಿ ತೀರಿಕೊಂಡರು. ಪೆನಾಲ್ಟಿ ತಪ್ಪಿಸಿದ ಕಹಿಯನ್ನೂ ಏಷ್ಯನ್ ಸ್ವರ್ಣದ ಸಿಹಿಯನ್ನೂ ಉಂಡ ಶೈಲೇನ್ ಮನ್ನಾ ಅವರಿಗೆ 1971ರಲ್ಲಿ ಪದ್ಮಶ್ರೀ ಸಂದಿತು. ಅವರು 2012ರಲ್ಲಿ ನಿಧನರಾದರು.

ಅಹಮದ್ ಖಾನರು ಬೆಂಗಳೂರಿಗೆ ಮರಳಿದರು. ದೇಶದ ಶ್ರೇಷ್ಠ ಕ್ರೀಡಾಪಟುಗಳಿಗೆ ಕೊಡಮಾಡುವ ಅರ್ಜುನ ಪ್ರಶಸ್ತಿ ಸ್ಥಾಪಿತವಾದುದು 1961ರಲ್ಲಿ. ಆ ವೇಳೆಗೆ ಅವರ ಆಟದ ದಿನಗಳು ಮುಗಿದುಹೋಗಿದ್ದವು. ಎರಡು ಒಲಿಂಪಿಕ್ಸ್, ಒಂದು ಏಷ್ಯನ್ ಸ್ವರ್ಣ, ಕಲ್ಕತ್ತೆಯಲ್ಲಿ ಒಂದು ದಶಕದ ಕೀರ್ತಿ ಇವೆಲ್ಲ ಇದ್ದರೂ ಕನ್ನಡನಾಡಿನ ಸಾಮಾನ್ಯ ಜನರಲ್ಲಿ ಅವರ ಹೆಸರು ಮನೆಮಾತಾಗಲಿಲ್ಲ. ದೂರದರ್ಶನವಿಲ್ಲದ ಕಾಲದಲ್ಲಿ ದೂರದ ಕಲ್ಕತ್ತೆಯಲ್ಲಿ ಆಡಿದವರ ಆಟವನ್ನು ಊರಿನವರು ಕಣ್ಣಾರೆ ಕಂಡುದೇ ಕಡಿಮೆ. ಕಂಡ ಬಂಗಾಳಿಗಳು ಮಾತ್ರ ಅವರನ್ನು ಮರೆಯಲಿಲ್ಲ. ಈಸ್ಟ್ ಬೆಂಗಾಲ್ ಕ್ಲಬ್ಬು ತನ್ನ ಭಾರತ ಗೌರವ ಪುರಸ್ಕಾರವನ್ನು ಅವರ ವೃದ್ಧಾಪ್ಯದಲ್ಲಿ ಅವರಿಗೆ ಅರ್ಪಿಸಿತು. 2017ರ ಆಗಸ್ಟ್ 27ರಂದು, ತಮ್ಮ 90ನೆಯ ವಯಸ್ಸಿನಲ್ಲಿ, ಹುಟ್ಟಿದ ಬೆಂಗಳೂರಿನಲ್ಲಿಯೇ ಅವರು ಕೊನೆಯುಸಿರೆಳೆದರು.

ಅವರು ಕಾಣಲಾಗದೆ ಹೋದ ಒಂದು ಸಂತೋಷವನ್ನು ಇಲ್ಲಿ ಹೇಳಬೇಕು. ಮೈಸೂರು ತಂಡವು 1952-53ರಲ್ಲಿಯೂ, ಮತ್ತೆ 1967-68 ಮತ್ತು 1968-69ರಲ್ಲಿಯೂ ಸಂತೋಷ್ ಟ್ರೋಫಿಯನ್ನು ಗೆದ್ದ ಮೇಲೆ ಅರ್ಧ ಶತಮಾನಕ್ಕೂ ಮಿಕ್ಕಿ ಅದು ಈ ನಾಡಿಗೆ ಬರಲಿಲ್ಲ. 2023ರ ಮಾರ್ಚ್ 4ರಂದು ಸೌದಿ ಅರೇಬಿಯಾದ ರಿಯಾದಿನಲ್ಲಿ ನಡೆದ ಅಂತಿಮ ಪಂದ್ಯದಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ಕರ್ನಾಟಕವು ಅದನ್ನು ಮರಳಿ ಪಡೆಯಿತು.

ಶಾಲೆಗಳಿಗೆ ಸಲ್ಲುವ ಮಾತು

ಅಹಮದ್ ಖಾನರ ಜೀವನದಿಂದ ಎರಡು ಪಾಠಗಳನ್ನು ಪಡೆಯಬಹುದು. ಒಂದನ್ನು ಹಿಡಿದು ಮತ್ತೊಂದನ್ನು ಬಿಡುವುದು ತರವಲ್ಲ. ಮೊದಲನೆಯದು ವಿದ್ಯಾರ್ಥಿಗಳಿಗೆ. ಸಲಕರಣೆ ಇಲ್ಲವೆಂಬುದು ಕಲಿಯದಿರುವುದಕ್ಕೆ ನೆಪವಾಗಲಾರದು. ಪಾದವೊಂದೇ ಬಂಡವಾಳವಾಗಿದ್ದ ತರುಣನೊಬ್ಬನು ಅದನ್ನೇ ತಿದ್ದಿ ತೀಡಿ ಲಂಡನ್ನಿನವರು ಎದ್ದುನಿಂತು ನೋಡುವಂತೆ ಮಾಡಿದನು.

ಎರಡನೆಯದು ಹಿರಿಯರಿಗೆ. ಮಕ್ಕಳ ಬರಿಗಾಲನ್ನು ಹೊಗಳುವುದು ಸುಲಭ, ಅಗ್ಗ. ಇಲ್ಫರ್ಡಿನಲ್ಲಿ ಹೊಗಳಿಕೆ ಕೇಳಿ ಸುಮ್ಮನಾದವರು ಹೆಲ್ಸಿಂಕಿಯಲ್ಲಿ ಅದರ ಬೆಲೆ ತೆರಬೇಕಾಯಿತು. ತೆತ್ತವರು ಆಟಗಾರರೇ ಹೊರತು ಹೊಗಳಿದವರಲ್ಲ. ಕೊರತೆಯನ್ನು ಸಹಿಸಿ ಬೆಳೆಯುವುದು ಹುಡುಗನ ಹಿರಿಮೆಯಾದರೆ, ಆ ಕೊರತೆಯನ್ನು ನೀಗುವುದು ಸಮಾಜದ ಹೊಣೆ. ಮುಳ್ಳು ಕಲ್ಲು ಆಯ್ದ ಒಂದು ಮೈದಾನ, ಎರಡು ಗೋಲುಕಂಬ, ಅಳತೆಗೊಪ್ಪುವ ಕೆಲವು ಜೊತೆ ಬೂಟು, ಆಟ ಬಲ್ಲ ಒಬ್ಬ ಶಿಕ್ಷಕ ಇಷ್ಟಿದ್ದರೆ ಯಾವ ಊರಿನ ಶಾಲೆಯೂ ತನ್ನ ಪಾಲಿನ ಕರ್ತವ್ಯವನ್ನು ಪ್ರಾರಂಭಿಸಬಲ್ಲದು. ಮುಂದಿನ ಅಹಮದ್ ಖಾನ್ ಯಾವ ಹೊರಬಯಲಿನಲ್ಲಿ ಈ ಸಂಜೆ ಆಡುತ್ತಿದ್ದಾನೆಂಬುದು ಯಾರಿಗೂ ತಿಳಿಯದು. ಅವನು ಎದುರಿಗೆ ಬಂದಾಗ ಅವನ ಕಾಲಿಗೆ ತೊಡಿಸಲು ನಮ್ಮ ಊರುಗಳಲ್ಲಿ ಒಂದು ಜೊತೆ ಬೂಟು ಸಿದ್ಧವಿರಲಿ.